ಯಾರ ಬಲ ಎಂದು ಕೇಳಿದ ಗಾಳೆವ್ವ

ಈ ಹೊಳೆಗೆ ಸೇತುವೆ ಎಂಬ ಮಾತೇ ಹುಟ್ಟಿರದ ಕಾಲ. ಬಹಳ ಬಹಳ ಹಿಂದೆ, ಹೊಳೆಯ ಎಡದಂಡೆಯ ಒಂದೂರಿನಲ್ಲಿ ಗಾಳೆವ್ವ ಅಂತ ಒಬ್ಬಳಿದ್ದಳಂತೆ. ಅಂಬಿಗರಾಕೆ. ಹರಿಗೋಲು ಹಾಕುವುದು ಅವಳ ಹೊಟ್ಟೆಪಾಡು. ಮುರಿದ ಕೈ ಕೂಡಿಸುವುದು, ಜಾರಿದ ಭುಜ ಏರಿಸುವುದು, ಹೊಟ್ಟೆಯಲ್ಲಿ ಅಡ್ಡ ಮಲಗಿದ ಕೂಸನ್ನು ನೆಟ್ಟಗೆ ತಿರುಗಿಸುವುದು ಅವಳ ಕೈಗುಣ. ನಾನು ಕಂಡವಳಲ್ಲ. ನಮ್ಮಜ್ಜಿಯೂ ಕಂಡವಳಲ್ಲ. ಅಜ್ಜಿಯ ಅಜ್ಜಿ ಕಂಡಿದ್ದಳೋ ಏನೋ, ಆ ಲೆಕ್ಕ ಬೇಡ. ಕೇಳಿದ್ದನ್ನು ಕೇಳಿದ ಹಾಗೆ ಹೇಳುತ್ತೇನೆ. ನಡುವೆ ಒಂದು ಚಿಟಿಕೆ ಉಪ್ಪು ಹೆಚ್ಚಾಯಿತು ಅನ್ನಿಸಿದರೆ ಅದು ನಮ್ಮಜ್ಜಿಯ ಕೈ ಅಂದುಕೊಳ್ಳಿ, ನನ್ನದಲ್ಲ.

ಹರಿಗೋಲಿನಲ್ಲಿ ಕೂತಿದ್ದೀರಾ ನೀವು? ಎಲ್ಲಿ ಕೂತೀರಿ, ಬಸ್ಸಿನಲ್ಲಿ ಕಿಟಕಿ ಪಕ್ಕ ಬೇಕು ಅನ್ನುವವರು. ಅದು ಬುಟ್ಟಿಯ ಹಾಗೆ ದುಂಡಗೆ. ಅದಕ್ಕೆ ಮೂತಿಯೂ ಇಲ್ಲ, ಬಾಲವೂ ಇಲ್ಲ. ನೀರಿಗೆ ಬಿಟ್ಟರೆ ಸುತ್ತುತ್ತದೆ. ಈಗ ಬಲಕ್ಕಿದ್ದ ಗುಡ್ಡ ಇನ್ನೊಂದು ಗಳಿಗೆಗೆ ಎಡಕ್ಕೆ ಬಂದಿರುತ್ತದೆ. ಕೂತವರು ಜಗಳ ಆಡುತ್ತಿದ್ದರಂತೆ, ನಮ್ಮೂರು ಬಲಕ್ಕೆ ಅಂತ ಒಬ್ಬ, ಅಲ್ಲ ಎಡಕ್ಕೆ ಅಂತ ಇನ್ನೊಬ್ಬ. ಗಾಳೆವ್ವ ಹುಟ್ಟು ಹಾಕುತ್ತಲೇ ನಗುತ್ತಿದ್ದಳಂತೆ. ನಿಮ್ಮ ಎಡಬಲ ನಿಮ್ಮ ಹತ್ತಿರವೇ ಇರಲಿ, ಹೊಳೆಗೆ ಅದರದ್ದೇ ಎಡಬಲ ಇದೆ, ಅದು ಹರಿಯುವ ಕಡೆ ಮುಖ ಮಾಡಿ ನೋಡಿ, ನೀವು ಎಲ್ಲಿ ನಿಂತರೂ ಅದರ ಬಲದಂಡೆ ಬಲದಂಡೆಯೇ, ಅನ್ನುತ್ತಿದ್ದಳಂತೆ.

ಮನುಷ್ಯರ ಮೈಯನ್ನೂ ಅವಳು ಹೊಳೆಯಿಂದಲೇ ಕಲಿತಳಂತೆ. ಸೊಂಟದ ಮಟ್ಟ ನೀರಿನಲ್ಲಿ ನಿಂತರೆ ಮೈ ಎರಡಾಗುತ್ತದೆ, ನೀರಿನ ಮೇಲಿನದು, ನೀರಿನ ಕೆಳಗಿನದು. ಅಂಗಾತ ತೇಲಿದರೆ ಮತ್ತೆ ಎರಡಾಗುತ್ತದೆ, ಎದೆ ಹೊಟ್ಟೆ ಗಾಳಿಗೆ, ಬೆನ್ನು ಹಿಮ್ಮಡಿ ನೀರಿಗೆ. ತೇಲೋ ಕಡೆ, ಮುಳುಗೋ ಕಡೆ ಅಂತ ಅದಕ್ಕೆ ಅವಳಿಟ್ಟ ಹೆಸರು. ಇನ್ನು ಹೊಳೆ ಹರಿಯುವ ಕಡೆ ಮುಖ ಮಾಡಿ ನಿಂತರೆ ಬೈತಲೆಯಿಂದ ಒಂದು ಗೆರೆ ಹೊರಟು, ಹೊಕ್ಕುಳ ಹಾದು, ಎರಡು ಪಾದಗಳ ನಡುವೆ ಇಳಿಯುತ್ತದೆ. ಗೆರೆಯ ಆ ಕಡೆ ಎಡ, ಈ ಕಡೆ ಬಲ. ಈ ಮೂರು ಗೆರೆ ಗೊತ್ತಿದ್ದರೆ ಮೈಯೊಳಗೆ ಏನು ಎಲ್ಲಿ ಕಳೆದಿದ್ದರೂ ಹುಡುಕಬಹುದು ಅನ್ನುತ್ತಿದ್ದಳಂತೆ. ಮೂಗುತಿ ನುಂಗಿದ ಒಬ್ಬಳಿಗೆ, ಅದು ಈಗ ಇಂಥಲ್ಲಿದೆ, ನಾಳೆ ಇಂಥಲ್ಲಿರುತ್ತದೆ, ನಾಡಿದ್ದು ಕೈಗೆ ಸಿಗುತ್ತದೆ ಅಂತ ಬೆರಳಿಟ್ಟು ತೋರಿಸಿದಳಂತೆ. ಇದನ್ನು ಮಾತ್ರ ನಾನು ನಂಬುವುದಿಲ್ಲ. ಆದರೆ ಹೇಳುವವರ ಬಾಯಿಗೆ ಬೀಗ ಹಾಕುವವರು ಯಾರು?

ಒಂದು ಮಾತಂತೂ ಎಲ್ಲರೂ ಹೇಳುತ್ತಾರೆ. ಯಾರಾದರೂ ಬಂದು, ನಮ್ಮವ್ವನ ಬಲಗಡೆ ನೋವು ಅಂತ ತನ್ನ ಮೈ ಮುಟ್ಟಿ ತೋರಿಸಿದರೆ, ಗಾಳೆವ್ವ ಮೊದಲು ಕೇಳುತ್ತಿದ್ದುದು ಒಂದೇ.

"ಯಾರ ಬಲ?"

ಜನ ಬಾಯಿಗೆ ಸೆರಗು ಹಿಡಿದು ನಗುತ್ತಿದ್ದರಂತೆ. ಬಲಕ್ಕೂ ಒಬ್ಬ ಯಜಮಾನ ಇರುತ್ತಾನೆಯೇ ಅಂತ. ನಕ್ಕವರಲ್ಲಿ ಎಲ್ಲರಿಗಿಂತ ಹೆಚ್ಚು ನಕ್ಕವಳು ಆಚೆ ದಂಡೆಯ ಭರಮವ್ವ. ಮಾತಿನಲ್ಲಿ ಜೋರು, ಮನೆಯಲ್ಲಿ ಇನ್ನೂ ಜೋರು. ಅವಳ ಮಗ ಸೋಮಣ್ಣ ಕುರಿ ಕಾಯುವವನು, ದನಿ ದೊಡ್ಡದು, ಅವ್ವನ ಮುಂದೆ ಮಾತ್ರ ಸಣ್ಣದು. ಸೊಸೆ ಕನಕವ್ವ. ಆ ಮನೆಯಲ್ಲಿ ಕನಕವ್ವನನ್ನು ಯಾರೂ ಏನೂ ಕೇಳುತ್ತಿರಲಿಲ್ಲವಂತೆ.

ಕನಕವ್ವನ ಮೊದಲ ಕೂಸು ಹೊಟ್ಟೆಯಲ್ಲಿ ಅಡ್ಡ ಮಲಗಿ ಹಾಗೇ ತೀರಿಹೋಗಿತ್ತು. ಅವಳು ಬದುಕಿದ್ದೇ ಹೆಚ್ಚು. ಎರಡನೆಯದಕ್ಕೆ ದಿನ ತುಂಬುವ ಮೊದಲೇ ಈಚೆ ದಂಡೆಗೆ, ಗಾಳೆವ್ವನ ಮನೆಗೆ ತಂದಿಡಬೇಕು ಅಂತ ಮಾತಾಗಿತ್ತು. ಇನ್ನೂ ಟೈಮಿದೆ ಬಿಡು ಅಂದಳಂತೆ ಭರಮವ್ವ. ಟೈಮಿತ್ತು, ಆದರೆ ಹೊಳೆ ಕಾಯಲಿಲ್ಲ. ಮೇಲೆಲ್ಲೋ ಮಳೆ ಹೊಯ್ದು, ಬೆಳಗಾಗುವಷ್ಟರಲ್ಲಿ ಕೆಂಪು ನೀರು ದಂಡೆಯಿಂದ ದಂಡೆಗೆ ನಿಂತಿತ್ತು. ಅದೇ ಬೆಳಿಗ್ಗೆ ಕನಕವ್ವನಿಗೆ ನೋವು ಶುರುವಾಯಿತು. ಕೂಸು ಮತ್ತೆ ಅಡ್ಡ.

ನೆರೆ ಬಂದ ಹೊಳೆಗೆ ಹರಿಗೋಲು ಹಾಕುವುದೆಂದರೆ ಗಾಳಿಗೆ ಎಲೆ ಹಾಕಿದ ಹಾಗೆ. ಗಾಳೆವ್ವ ಎರಡು ಸಲ ಹಾಕಿ ನೋಡಿದಳಂತೆ, ಎರಡು ಸಲವೂ ಹೊಳೆ ಅವಳನ್ನು ಇದೇ ದಂಡೆಗೆ ತಂದು ಬಿಸಾಡಿತಂತೆ. ಆದರೆ ಹರಿಗೋಲು ಹತ್ತಿ ಇಳಿಯುವ ಕಡವಿನ ಹತ್ತಿರ ಹೊಳೆ ಎರಡು ಬಂಡೆಗಳ ನಡುವೆ ಕಿರಿದಾಗುತ್ತದೆ ನೋಡಿ, ಅಲ್ಲಿ ಕೂಗಿದರೆ ಆಚೆಗೆ ಕೇಳುತ್ತದೆ. ಪೂರ್ತಿ ಮಾತು ಕೇಳುವುದಿಲ್ಲ. ನೀರಿನ ಸದ್ದಿನಲ್ಲಿ ಒಂದೊಂದೇ ಪದ ದಾಟಿ ಹೋಗುತ್ತದೆ. ಸೋಮಣ್ಣ ಮತ್ತು ಕೇರಿಯ ಜನ ಕನಕವ್ವನನ್ನು ಹೊರಸಿನ ಮೇಲೆ ಹೊತ್ತು ತಂದು ಆಚೆ ಬಂಡೆಯ ಮೇಲೆ ಇಳಿಸಿದರು. ಹೆಂಗಸರು ಹೊಳೆಯ ಕಡೆಯೊಂದನ್ನು ಬಿಟ್ಟು ಸುತ್ತ ಸೀರೆ ಹಿಡಿದು ನಿಂತರು.

ಭರಮವ್ವನೂ ಹತ್ತಾರು ಕೂಸುಗಳನ್ನು ಹಿಡಿದವಳೇ. ನೆಟ್ಟಗೆ ಬಂದವನ್ನು ಹಿಡಿದಿದ್ದಳು, ಅಡ್ಡ ಇದ್ದದ್ದನ್ನು ತಿರುಗಿಸಿದವಳಲ್ಲ. ಕೂಸಿನ ತಲೆ ಅವಳ ಕೈಗೆ ಸಿಕ್ಕಿತ್ತು, ಅದನ್ನು ಹೇಗೆ ಹೊರಳಿಸಬೇಕು ಅನ್ನುವುದು ಸಿಕ್ಕಿರಲಿಲ್ಲ. ಹೊರಳಿಸುವುದು ಗಾಳೆವ್ವನಿಗೆ ಗೊತ್ತಿತ್ತು, ತಲೆ ಎಲ್ಲಿದೆ ಅನ್ನುವುದು ಗೊತ್ತಿರಲಿಲ್ಲ. ನಡುವೆ ಹೊಳೆ.

ತಲೆ ಯಾವ ಕಡೆ ಅಂತ ಕೂಗಿದಳಂತೆ ಗಾಳೆವ್ವ. ಸೊಸೆಯ ಕಾಲ ಬಳಿ ಅವಳಿಗೆ ಎದುರಾಗಿ ಕೂತಿದ್ದ ಭರಮವ್ವ ಎಡಕ್ಕೆ ಅಂತ ಕೂಗಿದಳು. ಹೆಂಡತಿಯ ತಲೆಯ ಬಳಿ ನಿಂತಿದ್ದ ಸೋಮಣ್ಣ, ಅದೇನಾಯಿತೋ ಆವತ್ತು, ಹುಟ್ಟಿದಾಗಿನಿಂದ ಮೊದಲ ಸಲ ಅವ್ವನ ಮಾತಿಗೆ ಎದುರಾಡಿ, ಬಲಕ್ಕೆ ಅಂತ ಕೂಗಿದನು. ಎಡ, ಬಲ, ಎಡ, ಬಲ, ಎರಡೂ ಪದ ಹೊಳೆ ದಾಟಿ ಬಂದವು. ತಪ್ಪು ಕಡೆ ಒತ್ತಿದರೆ ತಾಯಿಯೂ ಇಲ್ಲ, ಕೂಸೂ ಇಲ್ಲ. ಗಾಳೆವ್ವ ಬಂಡೆಯ ತುದಿಗೆ ಬಂದು, ಉಸಿರು ಎಳೆದು, ಒಂದೇ ಮಾತು ಕೂಗಿದಳಂತೆ.

"ಯಾರ ಬಲ?"

ಆ ಮಾತಿಗೆ ಆವತ್ತು ಯಾರೂ ನಗಲಿಲ್ಲ. ಭರಮವ್ವ ಮಗನ ಮುಖ ನೋಡಿದಳು, ಮಗ ಅವ್ವನ ಮುಖ ನೋಡಿದನು. ಇಬ್ಬರೂ ಸರಿ, ಇಬ್ಬರೂ ತಪ್ಪು. ಯಾರೂ ನೋಡದೆ ಇದ್ದದ್ದು ಹೊರಸಿನ ಮೇಲೆ ಮಲಗಿದ್ದವಳ ಮುಖವನ್ನು. ಆಗ ಕನಕವ್ವ ಮೊಣಕೈ ಊರಿ ಎದ್ದಳಂತೆ. ಬಳೆ ತೊಟ್ಟ ಕೈಯನ್ನು ತನ್ನ ಹೊಟ್ಟೆಯ ಮೇಲಿಟ್ಟು ಹೇಳಿದಳಂತೆ.

"ನನ್ನ ಬಲ. ಎಂಟು ದಿನದಿಂದ ಇಲ್ಲೇ ಒತ್ತಾಕತ್ತೈತಿ ಅತ್ತಿ. ನನ್ನ ಯಾರು ಕೇಳಿದ್ರಿ?"

ಸೋಮಣ್ಣ ಆ ಮಾತನ್ನು ಕುರಿ ಕರೆಯುವ ದನಿಯಲ್ಲಿ ಎತ್ತಿ ಹೊಳೆಯಾಚೆ ಎಸೆದನು. ಆಕೀ ಬಲ, ಆಕೀ ಬಲ ಅಂತ. ಅದನ್ನು ಕೇಳಿ ಗಾಳೆವ್ವ ಕಣ್ಣು ಮುಚ್ಚಿ ಹೊಳೆಗೆ ಕೈ ಮುಗಿದಳಂತೆ.

ಆಮೇಲಿನದು ಸಲೀಸು ಅನ್ನಬೇಕು. ಹೊಳೆ ಹರಿಯುವ ಕಡೆ ಕಾಲು ಬರುವ ಹಾಗೆ ಹೊರಸು ತಿರುಗಿಸಿ ಅಂತ ಒಂದೊಂದೇ ಪದ ಕೂಗಿ, ಕೈಸನ್ನೆ ಮಾಡಿ ಹೇಳಿದಳು. ತಿರುಗಿಸಿದರು. ಈಗ ಕನಕವ್ವನ ಬಲ, ಹೊಳೆಯ ಬಲ, ಎರಡೂ ಒಂದೇ ಆಯಿತು. ಅವಳ ಬಲಕ್ಕೆ ಊರು, ಎಡಕ್ಕೆ ನೀರು, ಕಾಲ ಕಡೆ ಹೊಳೆಯ ಕೆಳಗು, ತಲೆಯ ಕಡೆ ಹೊಳೆಯ ಮೇಲು. ಇನ್ನು ಯಾವ ದಂಡೆಯಲ್ಲಿ ನಿಂತು ಕೈ ತೋರಿಸಿದರೂ ಕೆಳಗು ಕೆಳಗೇ, ಮೇಲು ಮೇಲೇ. ಕೂಸು ಒದೆಯುವುದು ತೇಲೋ ಕಡೆಗೋ ಮುಳುಗೋ ಕಡೆಗೋ ಅಂತ ಕೇಳಿದಳು. ಈ ಸಲ ಭರಮವ್ವ ಸೊಸೆಯನ್ನು ಕೇಳಿಯೇ ಉತ್ತರ ಹೇಳಿದಳು, ತೇಲೋ ಕಡೆಗೆ ಅಂತ. ಗಾಳೆವ್ವ ಬಂಡೆಯ ಮೇಲೆ ನಿಂತು ಎರಡೂ ಕೈಯಲ್ಲಿ ಗಾಳಿಯನ್ನು ಹಿಡಿದು, ಹರಿಗೋಲು ತಿರುಗಿಸುವ ಹಾಗೆ ಮೆಲ್ಲಗೆ ತಿರುಗಿಸಿ ತೋರಿಸಿದಳಂತೆ. ಊರ ಕಡೆಯ ತಲೆ ಹೊಳೆಯ ಕೆಳಗಿನ ದಿಕ್ಕಿಗೆ, ನೀರ ಕಡೆಯ ಕುಂಡೆ ಹೊಳೆಯ ಮೇಲಿನ ದಿಕ್ಕಿಗೆ. ನೋವು ಬಂದಾಗ ಕೈ ಬಿಡು, ನೋವು ಇಳಿದಾಗ ದೂಡು. ಆಚೆ ಬಂಡೆಯ ಮೇಲೆ ಭರಮವ್ವನ ಕೈ ಆ ಕೈಯನ್ನೇ ನೋಡಿ ನಡೆಯಿತು. ಅಷ್ಟು ಜೋರಿನ ಹೆಂಗಸು, ಆವತ್ತು ಬೆಣ್ಣೆ ಮುಟ್ಟಿದ ಹಾಗೆ ಮುಟ್ಟಿದಳಂತೆ.

ಕೂಸು ತಿರುಗಿತು. ಹೊತ್ತು ನೆತ್ತಿಗೆ ಬರುವಷ್ಟರಲ್ಲಿ ತಲೆ ಮುಂದಾಗಿ ಹುಟ್ಟಿಯೂ ಬಿಟ್ಟಿತು. ಆ ಕೂಸು ಅತ್ತಾಗ ಹೊಳೆ ಸದ್ದು ನಿಲ್ಲಿಸಿ ಕೇಳಿತು ಅನ್ನುತ್ತಾರೆ. ಹೊಳೆ ಯಾರ ಮಾತಿಗೂ ನಿಲ್ಲುವುದಿಲ್ಲ, ನನಗೆ ಗೊತ್ತು. ಸೋಮಣ್ಣ ಎರಡೂ ಕೈ ಮೇಲೆತ್ತಿ ಬಂಡೆಯ ಮೇಲೆ ಕುಣಿದನಂತೆ, ಅದನ್ನು ನೋಡಿ ಗಾಳೆವ್ವನಿಗೆ ತಿಳಿಯಿತಂತೆ. ಅವಳು ಇದ್ದಲ್ಲೇ ಕುಸಿದು ಕೂತು, ನೀರಿನಲ್ಲಿ ಕಾಲು ಬಿಟ್ಟು, ಹೋದ ಜೀವ ಬಂತಲ್ಲ ಅಂತ ಮನಸಾರೆ ಅತ್ತಳಂತೆ. ನನಗೆ ಈ ಕಥೆಯಲ್ಲಿ ಎಲ್ಲಕ್ಕಿಂತ ಇಷ್ಟ ಈ ಅಳುವೇ.

ಹುಟ್ಟಿದ್ದು ಹೆಣ್ಣು, ಅದಕ್ಕೆ ಗಾಳೆವ್ವ ಅಂತಲೇ ಹೆಸರಿಟ್ಟರು. ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ ಅನ್ನುತ್ತಾರಲ್ಲ, ಅದಾದ ಮೇಲೆ ಭರಮವ್ವ ಸಾರಿಗೆ ಉಪ್ಪು ಹಾಕುವಾಗಲೂ ಸೊಸೆಯನ್ನು ಕೇಳಿ ಹಾಕುತ್ತಿದ್ದಳಂತೆ. ಇದು ಮೂಗುತಿಯ ಕಥೆಗಿಂತ ನಂಬಲು ಕಷ್ಟ, ಆದರೂ ನಾನು ನಂಬುತ್ತೇನೆ.

ಗಾಳೆವ್ವ ಹೋಗಿ ಎಷ್ಟೋ ತಲೆಮಾರಾಯಿತು. ಹೊಳೆಗೆ ಸೇತುವೆ ಬಂತು, ಹರಿಗೋಲು ಕವುಚಿ ಬಿತ್ತು. ಆದರೂ ಎರಡೂ ದಂಡೆಯ ಊರುಗಳಲ್ಲಿ ಬಸುರಿಯನ್ನು ಏಳು ತಿಂಗಳಲ್ಲಿ ಆ ಬಂಡೆಗೆ ಕರೆತಂದು, ಹೊಳೆ ಹರಿಯುವ ಕಡೆ ಮುಖ ಮಾಡಿ ನಿಲ್ಲಿಸುತ್ತಾರೆ. ಕಾಲಿಗೆ ನೀರು ಹಾಕುತ್ತಾರೆ. ಎಲ್ಲರಿಗಿಂತ ಹಿರಿಯಳು ಗಾಳೆವ್ವನ ಆ ಮಾತನ್ನು ಕೇಳಬೇಕು, ಅತ್ತೆ ಇದ್ದರೆ ಅತ್ತೆಯೇ ಕೇಳಬೇಕು. ಹೋದ ವರ್ಷ ನನ್ನ ಮೊಮ್ಮಗಳನ್ನೂ ಹಾಗೇ ನಿಲ್ಲಿಸಿದೆವು. ಹೆರಿಗೆಗೆ ದೊಡ್ಡ ಆಸ್ಪತ್ರೆಗೆ ಹೋದಾಗ ಅಲ್ಲಿಯ ನರ್ಸಮ್ಮ ಯಾರಿಗೋ ಬಲಗಡೆ, ಬಲಗಡೆ ಅಂತ ಹೇಳುತ್ತಿದ್ದಳು. ನನಗೆ ತಡೆಯಲಾಗಲಿಲ್ಲ. ತಂಗೀ, ಯಾರ ಬಲ ಅಂತ ಕೇಳಿಯೇ ಬಿಟ್ಟೆ. ಅವಳು ನಕ್ಕು, ಮಲಗಿದವರದ್ದೇ ಅಜ್ಜಿ, ಯಾವಾಗಲೂ ಮಲಗಿದವರದ್ದೇ, ನಿಂತು ನೋಡುವವರದ್ದಲ್ಲ ಅಂದಳು. ಅಷ್ಟು ಕೇಳಿದ ಮೇಲೆ ಹೋಗಿ ಬೆಂಚಿನ ಮೇಲೆ ನಿಶ್ಚಿಂತೆಯಿಂದ ಕೂತೆ.

ಒಳಗೆ ಕರೆದೊಯ್ಯುವ ಮುಂಚೆ ಮೊಮ್ಮಗಳ ಕೈ ತಣ್ಣಗಾಗಿತ್ತು, ಮುಖ ಸಣ್ಣದಾಗಿತ್ತು. ಅವಳ ಅತ್ತೆ ಬಂದು ಹಣೆಯ ಕೂದಲು ಸರಿಸಿ ಮೆಲ್ಲಗೆ ಕೇಳಿದಳು.

"ಯಾರ ಬಲ?"

"ನನ್ನ ಬಲ," ಅಂದಳು ಹುಡುಗಿ, ಮತ್ತು ಒಳಗೆ ಹೋದಳು.