ಪರದೆಯ ಆಚೆ ಬದಿ

"ಗುರುಗಳೇ, ನಾನು ಮಾಡಿದ್ದು ಸರಿ ಎಂದು ಹತ್ತು ಜನ ಹೇಳುತ್ತಾರೆ. ನಮ್ಮಣ್ಣ ಒಬ್ಬನೇ ತಪ್ಪು ಎನ್ನುತ್ತಾನೆ. ಮೂರು ವರ್ಷದಿಂದ ಮಾತು ಬಿಟ್ಟಿದ್ದಾನೆ. ಅವನಿಗೆ ಹೇಗೆ ತಿಳಿಸಿ ಹೇಳಲಿ?" ಎಂದು ಶಿಷ್ಯ ಕೇಳಿದ.

ಗುರುಗಳು ಒಂದು ಕತೆ ಹೇಳಿದರು.

ಒಂದು ದೇಶದಲ್ಲಿ ಮೊಟ್ಟಮೊದಲು ಸಿನಿಮಾ ಮಾಡಿದವನೊಬ್ಬನಿದ್ದ. ಮಹಾ ಹಟಮಾರಿ. ಕತೆ ಬರೆದವನೂ ಅವನೇ, ಮಗನ ಪಾತ್ರ ಮಾಡಿದವನೂ ಅವನೇ. ಕೊನೆಯ ದೃಶ್ಯದಲ್ಲಿ ಆ ಮಗ, ಸಾಯುತ್ತಿರುವ ತಂದೆಯ ಬಾಯಿಗೆ ನೀರು ಬಿಡುತ್ತಾನೆ.

ಸಿನಿಮಾ ತೋರಿಸಲು ಊರಲ್ಲಿ ಹಾಕಿದ ಡೇರೆಯ ನಡುವೆ ತೆಳು ಬಿಳಿ ಬಟ್ಟೆಯ ಪರದೆ ಕಟ್ಟಿದ್ದರು. ಚಿತ್ರ ಬಿಡುವ ಯಂತ್ರವಿದ್ದ ಕಡೆ ಗಂಡಸರು, ಪರದೆಯ ಆಚೆ ಹೆಂಗಸರು. ಆಗಿನ ರೂಢಿ ಅದು. ಚಿತ್ರ ಎರಡೂ ಕಡೆಗೆ ಕಾಣುತ್ತಿತ್ತು. ಆಟ ಮುಗಿದಾಗ ಗಂಡಸರು ಕಣ್ಣೊರೆಸಿಕೊಂಡು ಚಪ್ಪಾಳೆ ತಟ್ಟಿದರು. ಅವನ ತಾಯಿ ಮಾತ್ರ ಮುಖ ಗಂಟಿಕ್ಕಿಕೊಂಡು ಹೊರಗೆ ಬಂದಳು.

"ಆಟಕ್ಕೇ ಆಗಲಿ, ಅಪ್ಪನ ಬಾಯಿಗೆ ಎಡಗೈಲಿ ನೀರು ಬಿಡ್ತಾರೇನೋ? ನನ್ನ ಕೊನೆಗಾಲಕ್ಕೆ ನಿನ್ನ ಕೈ ನೀರು ಬೇಡಪ್ಪ."

"ಬಲಗೈಯಮ್ಮ ಅದು! ಬೇಕಾದರೆ ಯಾರನ್ನಾದರೂ ಕೇಳು."

ಕೇಳಿದ್ದೇ ತಪ್ಪಾಯಿತು. ಗಂಡಸರೆಲ್ಲ ಬಲಗೈ ಎಂದರು, ಹೆಂಗಸರೆಲ್ಲ ಎಡಗೈ ಎಂದರು. ಬೆಳಕಿನ ಆಟ ಊರಿಗೆ ಹೊಸದು. ಮನೆಮನೆಯಲ್ಲೂ ಗಂಡಹೆಂಡಿರ ಜಗಳ. ಅವನು ತಾಯಿಯನ್ನು ಮತ್ತೊಮ್ಮೆ ಕರೆತಂದು ಆಟ ತೋರಿಸಿದ. ಆಕೆ ಹೆಂಗಸರ ಕಡೆ ತನ್ನ ಜಾಗದಲ್ಲೇ ಕೂತಳು, ಅದೇ ಮಾತು ಹೇಳಿ ಎದ್ದುಹೋದಳು. ಅವನ ತಲೆ ಕೆಟ್ಟುಹೋಯಿತು. ಒಂದು ದಿನ ತಾಯಿಯ ಕಣ್ಣು ಮಂಜಾಗಿದೆ ಎಂದುಕೊಂಡ. ಇನ್ನೊಂದು ದಿನ ತನಗೇ ಹುಚ್ಚು ಹಿಡಿದಿದೆ ಎಂದುಕೊಂಡ. ಊಟಕ್ಕೆ ಕೂತರೆ ಅನ್ನಕ್ಕೆ ಯಾವ ಕೈ ಹಾಕಬೇಕೆಂದು ತಿಳಿಯದೆ ಸುಮ್ಮನೆ ಕೂತಿರುತ್ತಿದ್ದ.

ವರ್ಷ ಕಳೆದ ಮೇಲೆ ತಾಯಿ ಹಾಸಿಗೆ ಹಿಡಿದಳು. ಕೊನೆಯ ದಿನ ಅವನು ಲೋಟ ತೆಗೆದುಕೊಂಡು ಹೋಗಿ ಬಲಗೈಯನ್ನೇ ಚಾಚಿದ. ಆಕೆ ಗೋಡೆಯ ಕಡೆ ಹೊರಳಿದಳು. ನೀರು ಬಿಟ್ಟವಳು ಆಕೆಯ ಮಗಳು. ಪಾಪ, ಅವನು ಹೊರಗೆ ಜಗಲಿಯ ಮೇಲೆ ತನ್ನ ಎರಡೂ ಕೈಗಳನ್ನು ತಿರುಗಿಸಿ ತಿರುಗಿಸಿ ನೋಡುತ್ತಾ ಕೂತಿದ್ದ.

ಶಿಷ್ಯನಿಗೆ ತಡೆಯಲಾಗಲಿಲ್ಲ. "ಅಯ್ಯೋ ಗುರುಗಳೇ! ಪರದೆಯ ಹಿಂದಿನಿಂದ ನೋಡಿದರೆ ಬಲಗೈ ಎಡಗೈಯಾಗಿ ಕಾಣುತ್ತದೆ, ಅಷ್ಟೇ ಅಲ್ಲವೇ? ಒಂದು ಸಲ ಎದ್ದುಹೋಗಿ ತಾಯಿಯ ಪಕ್ಕ ಕೂತಿದ್ದರೆ ಸಾಕಿತ್ತು. ಎಂಥ ದಡ್ಡನಿರಬೇಕು!"

ಗುರುಗಳು ಕೇಳಿದರು: "ನಿಮ್ಮಣ್ಣನ ಮನೆ ಇಲ್ಲಿಂದ ಎಷ್ಟು ದೂರ?"