ರಾಜಧಾನಿ ಮರೆತ ಅಕ್ಕೋರು

ಹಾವೇರಿ ಕಡೆಯ ಒಂದು ಹಳ್ಳಿ ಶಾಲೆಗೆ ತಪಾಸಣೆಗೆಂದು ಸಾಹೇಬರು ಬಂದರು. ಬಂದವರೇ ಐದನೇ ತರಗತಿಗೆ ನುಗ್ಗಿ, "ರಾಜ್ಯಗಳ ರಾಜಧಾನಿ ಹೇಳಲಾರದವರು ಇನ್ನೊಂದು ವರ್ಷ ಇಲ್ಲೇ ಕೂರಲಿ" ಎಂದು ಗುಡುಗಿದರು.

ಫಕೀರವ್ವನ ಸರದಿ ಬಂತು. ಆ ಹುಡುಗಿಗೆ ಎಲ್ಲ ರಾಜಧಾನಿಗಳೂ ಬಾಯಿಪಾಠ. ಆದರೆ ದೊಡ್ಡವರು ಏನಾದರೂ ಕೇಳಿದರೆ ಸಾಕು, ಹೆದರಿ ತಲೆ ತಗ್ಗಿಸಿಬಿಡುತ್ತಿದ್ದಳು. ಈಗಲೂ ಲಂಗದ ಅಂಚು ಹಿಂಡುತ್ತಾ ನೆಲ ನೋಡಿದಳು.

"ಇವಳಿಗೇನೂ ಬರುವುದಿಲ್ಲ" ಎಂದರು ಸಾಹೇಬರು.

ಪಾಠ ಹೇಳುವ ಅಕ್ಕೋರು ಮುಂದೆ ಬಂದರು. "ತಪ್ಪು ನಂದರೀ ಸರ. ನನಗ ಸರಿಯಾಗಿ ಬರೂದಿಲ್ಲ. ಒಡಿಶಾಕ್ಕ ಕಟಕ್ ಅಲ್ಲೇನ್ರೀ?"

"ಏನ್ರೀ ಇದು! ಟೀಚರಿಗೇ ಗೊತ್ತಿಲ್ಲವೆ?"

"ಗುಜರಾತಿಗೆ ಅಹಮದಾಬಾದ್ ಹೌದಲ್ಲರೀ?"

ಸಾಹೇಬರ ಮುಖ ಕೆಂಪಾಯಿತು. "ನಾಚಿಕೆ ಆಗಬೇಕು ನಿಮಗೆ! ಮೇಲಿನವರಿಗೆ ಇವತ್ತೇ ತಿಳಿಸುತ್ತೇನೆ."

ಅಕ್ಕೋರನ್ನು ಬೈದದ್ದನ್ನು ಫಕೀರವ್ವನಿಗೆ ತಡೆದುಕೊಳ್ಳಲಾಗಲಿಲ್ಲ.

"ಬೈಬ್ಯಾಡ್ರೀ ಸರ! ಅಕ್ಕೋರಿಗೆ ಎಲ್ಲಾ ಬರ್ತೈತಿ. ಒಡಿಶಾಕ್ಕ ಭುವನೇಶ್ವರ, ಗುಜರಾತಿಗೆ ಗಾಂಧಿನಗರ ಅಂತ ಅವರ ಕಲಿಸ್ಯಾರ. ಅಸ್ಸಾಮಿಗೆ ದಿಸ್ಪುರ, ಬಿಹಾರಕ್ಕ ಪಟ್ನಾ, ಮಧ್ಯಪ್ರದೇಶಕ್ಕ ಭೋಪಾಲ..." ಎಂದು ಒಂದೇ ಉಸಿರಿನಲ್ಲಿ ಹೇಳುತ್ತಾ ಹೋದಳು.

ಸಾಹೇಬರು ಅಕ್ಕೋರ ಕಡೆ ತಿರುಗಿದರು. ಅಕ್ಕೋರು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಾ ನಗುತ್ತಿದ್ದರು. ನಡೆದದ್ದೇನೆಂದು ಸಾಹೇಬರಿಗೆ ಆಗ ತಿಳಿಯಿತು. ಅವರು ಹುಡುಗಿಯ ಮುಂದೆ ಕುಕ್ಕರುಗಾಲಿನಲ್ಲಿ ಕೂತು, ದನಿ ತಗ್ಗಿಸಿ ಕೇಳಿದರು: "ಸಿಕ್ಕಿಮ್ಮಿಗೆ ಯಾವುದವ್ವಾ? ನನಗೂ ಮರತೇ ಹೋಗೇತಿ."

"ಗ್ಯಾಂಗ್ಟಕ್ ರೀ ಸರ" ಎಂದು ಫಕೀರವ್ವ ಅವರಿಗೂ ಹೇಳಿಕೊಟ್ಟಳು.