ದೊರೆಬೆನ್ನು

ಕಡ್ಲೆಹಳ್ಳದ ಊರಬಾಗಿಲು ದಾಟಿದರೆ ಎಡಕ್ಕೆ, ಗುಮ್ಮಟದ ನೆತ್ತಿ ಒಡೆದ ಕಲ್ಲಿನ ಸ್ನಾನದ ಮನೆಯೊಂದಿದೆ. ಹೆಸರು ದೊರೆಬೆನ್ನು. ಅಲ್ಲಿನ ಹಂಡೆ ಎಷ್ಟು ದೊಡ್ಡದೆಂದರೆ, ಒಮ್ಮೆ ಬಿದ್ದ ಎಮ್ಮೆಯನ್ನು ಹುಡುಕಲು ದೋಣಿ ತರಿಸಬೇಕಾಯಿತು ಎನ್ನುತ್ತಾರೆ. ಪಕ್ಕದ ಊರಿನವರು ನಗುತ್ತಾರೆ. ಪಾಪ, ಅವರ ಹಂಡೆಯಲ್ಲಿ ಎಮ್ಮೆಯ ಬಾಲವೂ ನೆನೆಯುವುದಿಲ್ಲ.

ಹಿಂದೆ ಒಮ್ಮೆ, ಪಾಳೆಯಗಾರರ ಕಾಲದಲ್ಲಿ, ಹುಚ್ಚೀರವ್ವನೆಂಬ ಮುದುಕಿ ಇಲ್ಲಿ ಒಲೆ ಉರಿಸುತ್ತಿದ್ದಳು. ಊರವರು ಸಾಲಾಗಿ ಕೂತು, ಕೇರಿ ಕುಲ ಕೇಳದೆ, ಮುಂದಿನವನ ಬೆನ್ನನ್ನು ಹಿಂದಿನವನು ಹೀರೇಕಾಯಿ ನಾರಿನಿಂದ ಉಜ್ಜುವುದು ಪದ್ಧತಿ. ಕೊನೆಯವನು ಇನ್ನೊಬ್ಬ ಬರುವ ತನಕ ಕಾಯಬೇಕು. ಮದುವೆಯ ಮಾತು, ಜಗಳದ ರಾಜಿ ಎಲ್ಲವೂ ಆ ಹಬೆಯಲ್ಲೇ ಕುದಿಯುತ್ತಿದ್ದವು. ಆ ಸೀಮೆಯ ದೊರೆ ಗಾದಿಲಿಂಗ ನಾಯಕನಿಗೆ ಇದು ಪಿತೂರಿಯ ಅಡ್ಡೆಯಂತೆ ಕಂಡಿತು. ಅವನ ತಂದೆಯನ್ನು ಹಿಂದಿನಿಂದ ಇರಿದು ಕೊಂದಿದ್ದರು; ಅಂದಿನಿಂದ ಹನ್ನೆರಡು ವರ್ಷ ನಾಯಕ ಯಾರಿಗೂ ಬೆನ್ನು ತೋರಿಸಿದವನಲ್ಲ, ಮಲಗುವಾಗಲೂ ಗೋಡೆಗೆ ಒರಗಿಯೇ ಮಲಗುತ್ತಿದ್ದ. ಒಂದು ಬೆಳಗ್ಗೆ ಕತ್ತಿ ಹಿರಿದು ಒಳನುಗ್ಗಿ, "ಒಲೆ ಆರಿಸು. ಇವತ್ತಿಗೆ ಇದು ಮುಗಿಯಿತು" ಎಂದ.

ಹುಚ್ಚೀರವ್ವ ಒಲೆಯ ಕಡೆ ನೋಡಿದಳು. ಅವಳ ಅಜ್ಜಿ ಹೊತ್ತಿಸಿದ ಬೆಂಕಿ ಅದು. ಆದರೂ ಸೌದೆ ಒಟ್ಟುತ್ತಲೇ, "ಆರಿಸ್ತೀನಿ ಬುದ್ಧಿ. ಕಾದ ನೀರು ಹಾಳಾಗಬಾರದು, ಒಂದು ಸಲ ಮೀಯ್ರಿ" ಎಂದಳು.

ನಾಯಕ ಗೋಡೆಗೆ ಅಂಟಿ ಕೂತ.

"ಹಿಂಗೆ ಕೂತ್ರೆ ನಾನು ಗೋಡೆ ಉಜ್ಜಲೋ, ನಿಮ್ಮನ್ನ ಉಜ್ಜಲೋ?"

ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ನಾಯಕ ಕತ್ತಿ ಎತ್ತಿದ. ಆಗ ಅವನಿಗೆ ಕಂಡದ್ದು ಇಪ್ಪತ್ತು ಬರಿಬೆನ್ನುಗಳು. ಹಿಂದೆ ಹಿರಿದ ಕತ್ತಿಯಿದೆಯೆಂದು ಗೊತ್ತಿದ್ದೂ ಒಬ್ಬನೂ ತಿರುಗಿರಲಿಲ್ಲ. ಉಜ್ಜುವ ಸದ್ದೂ ನಿಂತಿರಲಿಲ್ಲ.

ಬಹಳ ಹೊತ್ತಿನ ಮೇಲೆ ಕತ್ತಿ ಕೆಳಗಿಟ್ಟು, ನಾಯಕ ಸಾಲಿನ ಕೊನೆಗೆ ಬಂದು ಕೂತ; ನಾರು ಹಿಡಿದು ಮುಂದಿದ್ದ ಕುಂಬಾರನ ಬೆನ್ನುಜ್ಜಿದ. ಅವನ ಹಿಂದೆ ಯಾರೂ ಇರಲಿಲ್ಲ. ಆಗ ಸಾಲಿನ ಮೊದಲಿಗ ತಾನು ಕೂತಿದ್ದ ಕಲ್ಲನ್ನು ಹೊತ್ತು ತಂದು ನಾಯಕನ ಹಿಂದೆ ಹಾಕಿ ಕೂತ. ಬೆನ್ನಿಗೆ ಕೈ ತಾಗಿದಾಗ ಆ ಹುಲಿಯಂಥ ಗಂಡಸು ಗಡಗಡ ನಡುಗಿದ. ಹುಚ್ಚೀರವ್ವ ಬಿಸಿನೀರು ಹೊಯ್ಯುತ್ತಾ, "ಏನಿಲ್ಲ ಮಗನೇ, ಕೊಳೆ ಅಷ್ಟೇ" ಎಂದಳು. ಅಂದು ಇಳಿದ ಕೊಳೆ ಏಳು ಗಾಡಿಯೆನ್ನುತ್ತಾರೆ. ಎಂಟೆನ್ನುವವರು ಸ್ವಲ್ಪ ಉತ್ಪ್ರೇಕ್ಷೆಯ ಜನ.

ಒಲೆ ಆರಲಿಲ್ಲ. ಇಂದಿಗೂ ಅಲ್ಲಿ ಕೂರುವ ಕಲ್ಲುಗಳು ಸಾಲಾಗಿಲ್ಲ, ಯಾರೂ ಕೊನೆಯವರಾಗದ ಹಾಗೆ ಬಳೆಯಂತೆ ದುಂಡಗೆ ಜೋಡಿಸಿದ್ದಾರೆ. ಹೊಸಬರು ಕೂತೊಡನೆ ಒಮ್ಮೆ ಹಿಂತಿರುಗಿ ನೋಡುತ್ತಾರೆ. ಹಿಂದಿನ ಕಲ್ಲಿನಲ್ಲಿ ಯಾರೋ ಗುರುತಿಲ್ಲದವರು ನಾರು ನೆನೆಸುತ್ತಿರುತ್ತಾರೆ.